ದುಬೈಯ ತೋಡು, ಬಂಟ್ವಾಳದ ಹಂಚಿನ ಚೂರು

ಬಂಟ್ವಾಳ, ಹೊರಡುವ ಮುಂಚೆ

ದುಬೈಗೆ ಹೋಗಿ ಬಂದವರು ಎತ್ತರದ ಕಟ್ಟಡದ ಎದುರು ಕತ್ತು ಮೇಲೆ ಮಾಡಿ ನಿಂತ ಫೋಟೊ ತೋರಿಸುತ್ತಾರೆ. ನನ್ನ ಫೋನಿನಲ್ಲಿ ಅಂಥದ್ದು ಒಂದೂ ಇಲ್ಲ. ನಾನು ಆರು ದಿನ ಅಲ್ಲಿದ್ದು ತಲೆ ತಗ್ಗಿಸಿ ನೀರು ನೋಡಿ ಬಂದವನು. ಹೋಗುವಾಗಲೂ ಸಿಟ್ಟಿನಲ್ಲಿದ್ದೆ, ಬರುವಾಗಲೂ ಸಿಟ್ಟಿನಲ್ಲಿದ್ದೆ. ಯಾರ ಮೇಲೆ ಎಂಬುದು ಮಾತ್ರ ನಡುವೆ ಬದಲಾಯಿತು.

ನನ್ನ ವ್ಯಾಪಾರ ಹಳೆ ಮನೆಗಳದ್ದು. ಬೆಳ್ತಂಗಡಿ ಕಡೆಯಲ್ಲೋ ಮೂಡಬಿದ್ರೆ ಕಡೆಯಲ್ಲೋ ಒಂದು ಹಳೆ ಮನೆ ಕೆಡಹುತ್ತಾರೆಂದು ಸುದ್ದಿ ಬಂದರೆ ಅಲ್ಲಿಗೆ ಮೊದಲು ಮುಟ್ಟುವವನು ನಾನು. ಬಾಗಿಲು, ಅದರ ದಾರಂದ, ಕಂಬ, ಛಾವಣಿಯ ಪಕ್ಕಾಸು, ಹಂಚು ಎಲ್ಲವನ್ನೂ ಒಟ್ಟಿಗೆ ಮಾತಾಡಿ, ಬಂಟ್ವಾಳ ಪೇಟೆಯ ಹಿಂದಿರುವ ನನ್ನ ಗೋದಾಮಿಗೆ ತಂದು ಹಾಕುತ್ತೇನೆ. ಅಲ್ಲಿಂದ ಅವು ರೆಸಾರ್ಟಿನವರಿಗೂ ಧರ್ಮಸ್ಥಳದ ಕಡೆಯ ಲಾಡ್ಜಿನವರಿಗೂ ಹೋಗುತ್ತವೆ. ಯಾರೂ ಕೈ ಹಿಡಿದು ಕಲಿಸಿದ ಕೆಲಸವಲ್ಲ. ಹದಿನಾರನೆಯ ವಯಸ್ಸಿನಲ್ಲಿ ಎತ್ತಿನ ವ್ಯಾಪಾರಿಯೊಬ್ಬರ ಹಿಂದೆ ಹಗ್ಗ ಹಿಡಿದು ನಡೆದೆ. ಬೈರಾಸು ಅಂದರೆ ಹೆಗಲಿನ ವಸ್ತ್ರ, ಅದರ ಕೆಳಗೆ ಎರಡು ಕೈ ಸೇರಿಸಿ, ಬಾಯಿ ಬಿಡದೆ ಬೆರಳಿನಲ್ಲೇ ಚೌಕಾಸಿ ಮಾಡುವುದನ್ನು ಅವರಿಂದ ಕಲಿತೆ. ಉಳಿದದ್ದೆಲ್ಲ ಅದರ ಮೇಲೆ ಕಟ್ಟಿದ್ದು.

ಈಗ ತೋಡಿನ ವಿಷಯ. ನಮ್ಮಲ್ಲಿ ತೋಡು ಅಂದರೆ ಹೊಳೆಗಿಂತ ಸಣ್ಣದು, ಚರಂಡಿಗಿಂತ ದೊಡ್ಡದು. ನಮ್ಮ ಪೇಟೆಯ ತೋಡು ಮೇಲಿನ ಗುಡ್ಡೆಯಿಂದ ಇಳಿದು, ಬೈಲು ದಾಟಿ, ಅಂಗಡಿಗಳ ಬೆನ್ನಿಗೆ ತಾಗಿಕೊಂಡು ಹೋಗಿ ನೇತ್ರಾವತಿಗೆ ಸೇರುತ್ತದೆ. ಆಟಿ ತಿಂಗಳಿನಲ್ಲಿ, ಅಂದರೆ ಆಷಾಢದ ಜಡಿಮಳೆಯಲ್ಲಿ, ನದಿ ಏರಿದರೆ ನೀರು ಅದೇ ತೋಡಿನಲ್ಲಿ ಹಿಂದಕ್ಕೆ ಬರುತ್ತದೆ. ಪೇಟೆಯವರು ಎದುರು ಬಾಗಿಲಿಗೆ ಹಲಗೆ ಅಡ್ಡ ಇಟ್ಟು ಕಾಯುತ್ತಾರೆ. ನೆರೆ ಹಿಂಬಾಗಿಲಿನಿಂದ ಬಂದು ಒಳಗೆ ಕೂತಿರುತ್ತದೆ. ಅದು ಇರಲಿ, ನದಿಯನ್ನು ತಡೆಯಲಿಕ್ಕೆ ಯಾರಿಂದಲೂ ಆಗುವುದಿಲ್ಲ. ಆದರೆ ಮೊದಲೆಲ್ಲ ನದಿ ಇಳಿದ ದಿನವೇ ನೀರು ಬಂದ ದಾರಿಯಲ್ಲಿ ವಾಪಸ್ಸಾಗುತ್ತಿತ್ತು. ಈಗ ನಾಲ್ಕು ದಿನ ನಿಲ್ಲುತ್ತದೆ. ಅಕ್ಕಿ ಅಂಗಡಿಯಲ್ಲಿ ಮೂಟೆ ಕೊಳೆಯುತ್ತದೆ, ನನ್ನ ಗೋದಾಮಿನಲ್ಲಿ ನೂರು ವರ್ಷ ಬದುಕಿದ ಬೀಟೆಯ ಹಲಗೆ ನಾಲ್ಕು ದಿನದಲ್ಲಿ ಬಾಗುತ್ತದೆ. ಕಾರಣ, ತೋಡಿನ ಬಾಯಿ ಹೂತು ಹೋಗಿದೆ.

ಆ ಬಾಯಿ ಇರುವ ಜಾಗ ಪೇಟೆಯ ಹಳೆ ಬ್ಯಾರಿ ಮನೆತನದ ಹಸನಬ್ಬಾಕನದ್ದು. ಅವರ ತಂದೆಯ ಕಾಲದಲ್ಲಿ ಅದು ದೋಣಿ ತಂದು ನಿಲ್ಲಿಸುವ ಕಡವು. ಮಂಗಳೂರಿನಿಂದ ಉಪ್ಪು, ಒಣಮೀನು ಬಂದು ಅಲ್ಲಿ ಇಳಿಯುತ್ತಿತ್ತು. ಹಸನಬ್ಬಾಕ ದುಬೈಗೆ ಹೋಗಿ ನಲವತ್ತು ವರ್ಷ ದಾಟಿತು. ಜಾಗದ ಅಧಿಕಾರಪತ್ರವನ್ನು ಅಳಿಯ ಅಶ್ರಫನಿಗೆ ಕೊಟ್ಟಿದ್ದಾರೆ. ಅಶ್ರಫ್ ಅಲ್ಲಿ ಅಂಗಡಿ ಕಟ್ಟಡ ಎಬ್ಬಿಸಲಿಕ್ಕೆ ಹೊರಟಿದ್ದಾನೆ. ಮಣ್ಣಿನ ಟಿಪ್ಪರುಗಳನ್ನು ಹೇಳಿಟ್ಟಿದ್ದಾನೆ. ತೋಡು ಎಲ್ಲಿ ಹೋಗಬೇಕು ಅಂತ ಕೇಳಿದರೆ, ಕೆಳಗೆ ಎರಡಡಿಯ ಸಿಮೆಂಟ್ ಪೈಪ್ ಹಾಕ್ತೇನೆ, ನಕ್ಷೆ ಪಾಸಾಗಿದೆ ಅಂದ. ಇಡೀ ಗುಡ್ಡೆಯ ನೀರು, ಅದರ ಮೇಲೆ ನೇತ್ರಾವತಿ, ಎರಡಡಿ ಪೈಪಿನಲ್ಲಿ. ಆ ನಕ್ಷೆಗೆ ಸಹಿ ಹಾಕಿದವನು ಮಳೆಗಾಲದಲ್ಲಿ ಬಂಟ್ವಾಳ ನೋಡಿದವನಲ್ಲ ಅಂತ ನಾನು ಎಲ್ಲಿ ಬೇಕಾದರೂ ಹೇಳುತ್ತೇನೆ.

ಮಳೆಗಾಲಕ್ಕೆ ಎರಡು ತಿಂಗಳಿತ್ತು. ಹಸನಬ್ಬಾಕ ಅಧಿಕಾರಪತ್ರ ರದ್ದು ಮಾಡಿ, ತೋಡಿಗೆ ಜಾಗ ಬಿಡುತ್ತೇನೆಂದು ಅಲ್ಲಿನ ನಮ್ಮ ದೂತಾವಾಸದಲ್ಲಿ ಸಹಿ ಮಾಡಿದರೆ ಪೇಟೆ ಉಳಿಯುತ್ತದೆ. ಫೋನಿನಲ್ಲಿ ಕೇಳಿದೆ. “ಬನ್ನಿ ರೈಗಳೇ, ಮುಖ ನೋಡಿ ಮಾತಾಡುವ” ಅಂದರು. ನನ್ನ ಹೆಂಡತಿ ಸುಮತಿಯ ತಂಗಿ ಶಾರ್ಜಾದಲ್ಲಿದ್ದಾಳೆ. ಹತ್ತು ವರ್ಷದಿಂದ ಕರೆಯುತ್ತಿದ್ದರೂ ಹೋಗದವನು ಒಂದೇ ವಾರದಲ್ಲಿ ಇಬ್ಬರಿಗೂ ಟಿಕೆಟ್ ಮಾಡಿಸಿದೆ. ತಂಗಿಗಾಗಿ ಅಲ್ಲ, ತೋಡಿಗಾಗಿ ಅಂತ ಸುಮತಿ ಮಂಗಳೂರು ವಿಮಾನ ನಿಲ್ದಾಣದಲ್ಲಿ ಎರಡು ಸಲ ಹೇಳಿದಳು.

ಮೊದಲ ದಿನ, ಅಬ್ರಾ

ಹೋಗುವವರಿಗೆ ಒಂದು ಮಾತು. ಒಂದು ಬೈರಾಸು ಜೊತೆಯಲ್ಲಿರಲಿ. ಹೊರಗೆ ಬೆವರು ಒರೆಸಲಿಕ್ಕೆ, ಒಳಗೆ ಏಸಿಯ ಚಳಿಗೆ ಕುತ್ತಿಗೆಗೆ ಸುತ್ತಲಿಕ್ಕೆ. ಸೂಟ್‌ಕೇಸಿನಲ್ಲಿ ತುಂಬಿಸಿಕೊಂಡು ಹೋದ ಬೇರೆ ಯಾವ ಸಾಮಾನೂ ನನಗೆ ಅಷ್ಟು ಉಪಯೋಗಕ್ಕೆ ಬರಲಿಲ್ಲ. ಅಷ್ಟು ನಷ್ಟವನ್ನೂ ಮಾಡಲಿಲ್ಲ. ಅದು ಆಮೇಲೆ.

ದುಬೈಯ ನಡುವೆ ಒಂದು ನೀರು ಉಂಟು. ಖೋರ್ ಅನ್ನುತ್ತಾರೆ. ಹೊಳೆಯಲ್ಲ, ಅದಕ್ಕೆ ಗುಡ್ಡೆಯೂ ಇಲ್ಲ, ಹುಟ್ಟೂ ಇಲ್ಲ. ಕಡಲೇ ಊರೊಳಗೆ ನಾಲಗೆ ಚಾಚಿ ಮರಳಿನಲ್ಲಿ ಮಲಗಿದ ಹಾಗೆ. ಒಂದು ದಡ ದೇರಾ, ಇನ್ನೊಂದು ದಡ ಬರ್ ದುಬೈ. ನಡುವೆ ಮರದ ದೋಣಿಗಳು ಓಡುತ್ತವೆ, ಅವೇ ಅಬ್ರಾ. ಬೆನ್ನಿಗೆ ಬೆನ್ನು ಕೊಟ್ಟು ಕೂರುವ ಒಂದು ಬೆಂಚು, ಮೇಲೊಂದು ಚಪ್ಪರ, ನಡುವಿನ ಗುಂಡಿಯಲ್ಲಿ ನಿಂತು ಕಾಲಿನಲ್ಲಿ ಚುಕ್ಕಾಣಿ ಹಿಡಿಯುವ ಬಂಗಾಳಿ. ಸೇತುವೆಗಳಿವೆ, ನೀರಿನ ಅಡಿಯಲ್ಲಿ ಸುರಂಗ ಉಂಟು, ಮೆಟ್ರೊ ಉಂಟು. ಆದರೂ ಕೆಲಸಕ್ಕೆ ಹೋಗುವ ಜನ ಈ ದೋಣಿಯನ್ನು ಬಿಟ್ಟಿಲ್ಲ.

ನನಗೆ ನೀರು ಕಂಡರೆ ಮೊದಲು ನೋಡುವುದು ಅದು ಯಾವ ಕಡೆ ಹೋಗುತ್ತದೆ ಅಂತ. ಬೆಳಿಗ್ಗೆ ಒಳಗೆ ಹೋಗುತ್ತಿತ್ತು. ಮಧ್ಯಾಹ್ನ ಹೊರಗೆ. ಪಕ್ಕದಲ್ಲಿದ್ದ ಬಿಹಾರದವನೊಬ್ಬನನ್ನು ಕೇಳಿದೆ. ಅವನು ಏಳು ವರ್ಷದಿಂದ ದಿನಕ್ಕೆ ಎರಡು ಸಲ ದಾಟುತ್ತಿದ್ದನಂತೆ, ಒಮ್ಮೆಯೂ ನೋಡಿಲ್ಲವಂತೆ. ಬಂಟ್ವಾಳದಲ್ಲಿ ಕೇಳಿದ್ದರೂ ಇದೇ ಉತ್ತರ ಸಿಗುತ್ತಿತ್ತು. ನೀರು ಮನೆಯೊಳಗೆ ಬರುವವರೆಗೆ ಯಾರೂ ಅದರ ದಿಕ್ಕು ನೋಡುವುದಿಲ್ಲ.

ಅಷ್ಟರಲ್ಲಿ ಸುಮತಿ ತಲೆಯಲ್ಲಿದ್ದ ಬಾಡಿದ ಮಲ್ಲಿಗೆ ತೆಗೆದು ನೀರಿಗೆ ಬಿಟ್ಟಳು. ನಮ್ಮಲ್ಲಿ ಹೂವನ್ನು ಕಸಕ್ಕೆ ಹಾಕುವುದಿಲ್ಲ, ನೀರಿಗೆ ಬಿಡುತ್ತಾರೆ. ದೋಣಿಯವನು ಎಂಜಿನ್ ನಿಧಾನ ಮಾಡಿ, ಸಣ್ಣ ಬಲೆಯಲ್ಲಿ ಆ ಹೂವನ್ನು ಮೊಗೆದು ತೆಗೆದು, ಅವಳ ಕಾಲ ಬಳಿ ಇಟ್ಟ. ಯಾರಾದರೂ ನೋಡಿದರೆ ತನಗೆ ತೊಂದರೆ ಅಂತ ಹಿಂದಿಯಲ್ಲಿ ಗದರಿದ. ಇಡೀ ದೋಣಿ ನಮ್ಮನ್ನು ನೋಡಿತು.

ನನಗೆ ಮೈ ಉರಿಯಿತು. ಅವನ ಮೇಲೆ ಅಲ್ಲ. ಅದೇ ದೋಣಿಯಲ್ಲಿ ನಮ್ಮ ಜಿಲ್ಲೆಯವರೇ ಮೂವರಿದ್ದರು, ಮಾತಿನಿಂದ ಗೊತ್ತಾಯಿತು. ಎಂಥ ಶಿಸ್ತು ನೋಡಿ ಇಲ್ಲಿಯದ್ದು ಅಂತ ತಲೆದೂಗಿದರು. ಇದೇ ಜನ ಊರಿಗೆ ಬಂದರೆ ಪಾಣೆಮಂಗಳೂರು ಸೇತುವೆಯ ಮೇಲೆ ಕಾರು ನಿಲ್ಲಿಸಿ, ಗಾಜು ಇಳಿಸಿ, ಕೋಳಿ ಅಂಗಡಿಯ ಚೀಲವನ್ನು ನದಿಗೆ ಎಸೆದು ಹೋಗುತ್ತಾರೆ. ಶಿಸ್ತು ಪಾಸ್‌ಪೋರ್ಟಿನಲ್ಲಿ ಹೊಡೆದ ಮುದ್ರೆ ಅಂತ ತಿಳಿದಿದ್ದಾರೆ. ಊರಿಗೆ ಮುಟ್ಟಿದ ಕೂಡಲೇ ಅವಧಿ ಮುಗಿಯುತ್ತದೆ.

ಎರಡನೇ ದಿನ, ಹಳೆ ಬೀದಿ

ಖೋರಿನ ದಡದಲ್ಲಿ ಅಲ್ ಫಹೀದಿ ಎಂಬ ಹಳೆ ಕೇರಿ ಉಂಟು. ಗಾಳಿ ಹಿಡಿದು ಕೆಳಗಿಳಿಸುವ ಗೋಪುರಗಳು, ಹವಳದ ಕಲ್ಲಿನ ಗೋಡೆ, ಇಬ್ಬರು ಎದುರಾದರೆ ಒಬ್ಬ ಬದಿಗೆ ಸರಿಯಬೇಕಾದ ಓಣಿ. ಓಣಿಯ ಅಗಲ ಮಾತ್ರ ನಮ್ಮ ಹಳೆ ಪೇಟೆಯದ್ದೇ. ಎಲ್ಲರೂ ಗೋಪುರದ ಫೋಟೊ ತೆಗೆಯುತ್ತಿದ್ದರು. ನಾನು ಬಾಗಿಲು ನೋಡಿದೆ. ನೋಡಿದ ಕೂಡಲೇ ಗೊತ್ತಾಯಿತು, ಸಾಗುವಾನಿ. ಮರಳುಗಾಡಿನಲ್ಲಿ ಸಾಗುವಾನಿ ಎಲ್ಲಿ ಬೆಳೆಯಬೇಕು? ನಮ್ಮ ಕರಾವಳಿಯಿಂದಲೇ ಹೋಗಿರಬೇಕು. ಖಾತ್ರಿ ಮಾಡಿಕೊಳ್ಳಲಿಕ್ಕೆ ಅಭ್ಯಾಸದಂತೆ ಕೆಳಗಿನ ಪಟ್ಟಿಗೆ ಉಗುರು ಹಾಕಿ ಕೆರೆದು ಮೂಸಿದೆ. ಕಾವಲಿನವನು ಓಡಿ ಬಂದ. ಎರಡು ದಿನದಲ್ಲಿ ಎರಡನೇ ಬೈಗುಳ.

ಅಲ್ಲಿ ಕಥೆ ಹೇಳುವವನೊಬ್ಬ ಗುಂಪಿಗೆ ವಿವರಿಸುತ್ತಿದ್ದ. ಒಂದು ಕಾಲದಲ್ಲಿ ಈ ಖೋರಿನ ಬಾಯಿ ಮರಳಿನಿಂದ ಹೂತು ಹೋಗುತ್ತಿತ್ತಂತೆ. ದೊಡ್ಡ ಹಡಗುಗಳು ಹೊರಗೆ ಕಡಲಿನಲ್ಲೇ ನಿಂತು, ಸಾಮಾನು ಸಣ್ಣ ದೋಣಿಗೆ ಇಳಿದು ಬರಬೇಕಿತ್ತಂತೆ. ಆಗ ಎಣ್ಣೆಯ ದುಡ್ಡು ಇನ್ನೂ ಬಂದಿರಲಿಲ್ಲ. ಆಳುವವರು ಹೊರಗಿನಿಂದ ಸಾಲ ತಂದು ಬಾಯಿ ಹೂಳೆತ್ತಿಸಿದರು, ಆಳ ಮಾಡಿದರು, ಎತ್ತಿದ ಮರಳಿನಲ್ಲೇ ದಡ ಎತ್ತರಿಸಿದರು. ಹಡಗು ಒಳಗೆ ಬಂತು, ವ್ಯಾಪಾರ ಒಳಗೆ ಬಂತು, ಊರು ಬೆಳೆಯಿತು. ಗುಂಪಿನವರು ಹೂಂಗುಟ್ಟಿ ಐಸ್‌ಕ್ರೀಮ್ ತಿನ್ನಲಿಕ್ಕೆ ಹೋದರು.

ನಾನು ನೆರಳಿನಲ್ಲಿ ಕೂತೆ. ನಮ್ಮ ಬಂಟ್ವಾಳವೂ ಇಂಥದೇ ಊರಲ್ಲವಾ? ಘಟ್ಟದ ಸಾಮಾನು ಗಾಡಿಯಲ್ಲಿ ಬಂದು, ಕಡಲಿನ ಸಾಮಾನು ದೋಣಿಯಲ್ಲಿ ಬಂದು ಸೇರುತ್ತಿದ್ದ ಪೇಟೆ. ಅವರಿಗೆ ದೇವರು ಕೊಟ್ಟದ್ದು ಒಂದು ಉಪ್ಪುನೀರಿನ ಸೀಳು, ಅದನ್ನು ಅಗೆದು ಅಗಲ ಮಾಡಿದರು. ನಮಗೆ ನದಿ ಕೊಟ್ಟ, ತೋಡು ಕೊಟ್ಟ, ಕಡವು ಕೊಟ್ಟ. ನಾವು ಹೂತು ಅದರ ಮೇಲೆ ಮೊಬೈಲ್ ಅಂಗಡಿ ಇಡುತ್ತೇವೆ. ವ್ಯಾಪಾರ ಹೆದ್ದಾರಿ ಬದಿಯ ಬಿ.ಸಿ. ರೋಡಿಗೂ ಮೆಲ್ಕಾರಿಗೂ ಹೋಯಿತು ಅಂತ ಪೇಟೆಯವರು ಗೋಳಾಡುತ್ತಾರೆ. ಹೋಗದೆ ಎಂತ ಮಾಡುತ್ತದೆ? ನಾಲ್ಕು ದಿನ ಮೊಣಕಾಲು ನೀರಿನಲ್ಲಿ ನಿಂತು ಯಾವ ಗಿರಾಕಿ ಬಟ್ಟೆ ಆರಿಸುತ್ತಾನೆ?

“ಕೂತು ಯಾರಿಗೆ ಬೈತಾ ಇದ್ದೀರಿ?” ಅಂತ ಸುಮತಿ ಕೇಳಿದಳು. ಅಶ್ರಫನಿಗೆ ಅಂದೆ.

ಮೂರನೇ ದಿನ, ದೇರಾದ ಧಕ್ಕೆ

ಹಸನಬ್ಬಾಕನ ಕೆಲಸ ದೇರಾ ಬದಿಯಲ್ಲಿ, ಹಡಗು ನಿಲ್ಲುವ ಧಕ್ಕೆಯಲ್ಲಿ. ಮಂಗಳೂರಿನ ಹಳೆ ಬಂದರು ನೋಡಿದವರಿಗೆ ಆ ಜಾಗ ಹೊಸದಲ್ಲ. ಮರದ ದೊಡ್ಡ ಹಡಗುಗಳು ಸಾಲಾಗಿ ಕಟ್ಟಿರುತ್ತವೆ. ಇರಾನಿಗೆ, ಸೊಮಾಲಿಯಾಕ್ಕೆ ಹೋಗುವ ಸಾಮಾನು ದಡದಲ್ಲಿ ರಾಶಿ ಬಿದ್ದಿರುತ್ತದೆ: ಫ್ರಿಜ್ಜು, ಟಯರು, ಈರುಳ್ಳಿ, ಹಾಸಿಗೆ. ಬಾಗಿಲಿಲ್ಲ, ಬೀಗವಿಲ್ಲ. ಯಾರೂ ಮುಟ್ಟುವುದಿಲ್ಲ. ನಾನು ಒಂದು ಟಯರಿನ ಮೇಲೆ ಕೈ ಇಟ್ಟು ಸುತ್ತ ನೋಡಿದೆ. ನನ್ನ ಗೋದಾಮಿನ ಹೊರಗೆ ಒಂದು ಕೀಲು ಬಿಟ್ಟರೆ ಬೆಳಗಾಗುವಾಗ ಇರುವುದಿಲ್ಲ.

ಹಸನಬ್ಬಾಕ ಎರಡು ಹಡಗುಗಳ ನಡುವಿನ ನೆರಳಿನಲ್ಲಿ ಬೆಂಚು ಹಾಕಿಕೊಂಡು ಕೂತಿದ್ದರು. ಯಾವ ಹಡಗಿಗೆ ಯಾವ ಸಾಮಾನು ಹತ್ತಬೇಕು ಅಂತ ನೋಡಿಕೊಳ್ಳುವ ಕೆಲಸ. ಅರವತ್ತು ದಾಟಿದೆ, ಗಡ್ಡ ಪೂರಾ ಬೆಳ್ಳಗಾಗಿದೆ, ಕಣ್ಣು ಮಾತ್ರ ಬಂಟ್ವಾಳದ ವ್ಯಾಪಾರಿಯದ್ದೇ. ನಾವು ತುಳುವಿನಲ್ಲಿ ಮಾತಾಡಿದ್ದು. ಓದುವವರಿಗಾಗಿ ಕನ್ನಡದಲ್ಲಿ ಬರೆಯುತ್ತಿದ್ದೇನೆ. ಸುಮತಿಗೂ ನನಗೂ ಚಾ ತರಿಸಿದರು. ಊರಿನ ಸಮಾಚಾರ ಕೇಳಿದರು. ನೆರೆ ಎಲ್ಲಿವರೆಗೆ ಬಂತು, ಯಾವ ಅಂಗಡಿ ಮುಚ್ಚಿತು, ಕಡವಿನ ಪಕ್ಕದ ಅಶ್ವತ್ಥಮರ ಉಂಟಾ ಇಲ್ಲವಾ. ಈಚೆಗೊಂದು ವರ್ಷ ಇಲ್ಲಿಯೂ ಒಂದು ದಿನ ಧಾರಾಕಾರ ಮಳೆ ಬಂದು, ರಸ್ತೆಯೆಲ್ಲ ಕಡಲಾಗಿ, ತನ್ನ ಕೋಣೆಯೊಳಗೆ ಚಪ್ಪಲಿ ತೇಲಿದ ಕಥೆ ಹೇಳಿದರು. ಖೋರ್ ಕಣ್ಣೆದುರೇ ಇದ್ದರೂ ನೀರಿಗೆ ಅಲ್ಲಿಗೆ ಮುಟ್ಟುವ ದಾರಿ ಇರಲಿಲ್ಲವಂತೆ. “ಮಳೆ ಇಲ್ಲದ ಊರಲ್ವಾ, ಇವರಿಗೆ ನೆನಪಿರಲಿಲ್ಲ. ನಮಗೆ ವರ್ಷ ವರ್ಷ ನೆನಪು ಮಾಡಿದರೂ ಸಾಕಾಗುವುದಿಲ್ಲ” ಅಂದರು.

ಇದೇ ಹೊತ್ತು ಅಂತ ನಾನು ವಿಷಯ ತೆಗೆದೆ. ಅಶ್ರಫನ ಪೈಪು, ಟಿಪ್ಪರು, ಪೇಟೆಯ ಗತಿ, ಅವರ ತಂದೆಯ ದೋಣಿ, ಎಲ್ಲ ಹೇಳಿದೆ. ಸ್ವಲ್ಪ ಹೆಚ್ಚೇ ಹೇಳಿದೆ. ಅಕ್ಕಿ ಅಂಗಡಿಯವರ ಕಣ್ಣೀರು ನಾನು ನೋಡಿದವನಲ್ಲ, ಆದರೆ ಅದನ್ನೂ ಸೇರಿಸಿದೆ. ಅವರು ಮಧ್ಯೆ ಒಂದೂ ಮಾತಾಡಲಿಲ್ಲ. ವ್ಯಾಪಾರದಲ್ಲಿ ಸುಮ್ಮನೆ ಕೇಳುವವನಿಗೆ ಹೆದರಬೇಕು. ಇದನ್ನು ನಾನು ಬೇರೆಯವರಿಗೆ ಎಷ್ಟೋ ಸಲ ಹೇಳಿಕೊಟ್ಟಿದ್ದೇನೆ.

ಕೊನೆಗೆ ನನ್ನ ಹೆಗಲಿನ ಬೈರಾಸು ನೋಡಿ ನಕ್ಕರು. ಎತ್ತಿನ ಚೌಕಾಸಿ ಮರೆತಿಲ್ಲ ಅಲ್ವಾ ಅಂತ ಕೇಳಿದರು. ಅವರ ತಂದೆಯೂ ಗಾಡಿಯ ಎತ್ತು ಕೊಳ್ಳುವಾಗ ಇದೇ ರೀತಿ ಮಾಡುತ್ತಿದ್ದರಂತೆ.

“ತೋಡಿನ ಅಗಲ ಮಾತಾಡುವ. ಒಂದು ಬೆರಳಿಗೆ ಒಂದು ಅಡಿ. ಕೈ ಒತ್ತಿದ ಮೇಲೆ ಹಿಂದೆ ಹೋಗಲಿಕ್ಕಿಲ್ಲ. ಆಗಬಹುದಾ?”

ನನಗೆ ಒಳಗೊಳಗೇ ಹಿಗ್ಗು. ಈ ಆಟದಲ್ಲಿ ನನ್ನನ್ನು ಸೋಲಿಸಿದವರು ಮೂಡಬಿದ್ರೆಯಿಂದ ಧರ್ಮಸ್ಥಳದವರೆಗೆ ಯಾರೂ ಇಲ್ಲ. ಬೈರಾಸು ಬಿಚ್ಚಿ ಇಬ್ಬರ ಕೈ ಮೇಲೆ ಹಾಸಿದೆ.

ಅವರು ಮೂರು ಬೆರಳು ಹಿಡಿದರು. ಮೂರಡಿ. ನಾನು ಅವರ ಐದೂ ಬೆರಳನ್ನು ಎರಡು ಸಲ ಹಿಡಿದು, ಮೇಲೆ ಎರಡು ಸೇರಿಸಿದೆ. ಹನ್ನೆರಡು. ನನ್ನ ಮನಸ್ಸಿನಲ್ಲಿದ್ದದ್ದು ಆರು. ಆದರೆ ಆರು ಬೇಕಾದವನು ಹನ್ನೆರಡು ಕೇಳಬೇಕು. ಅವರು ಐದಕ್ಕೆ ಬಂದರು. ನಾನು ಹನ್ನೊಂದು. ಹಡಗಿನ ಮೇಲಿಂದ ಇಬ್ಬರು ಇರಾನಿಗಳು ಬಗ್ಗಿ ನೋಡುತ್ತಿದ್ದರು, ಈ ಮುದುಕರಿಗೆ ಎಂತ ಆಯಿತು ಅಂತ. ಅವರು ಏಳು ಹಿಡಿದರು. ಅಲ್ಲೇ ನಿಲ್ಲಿಸಬೇಕಿತ್ತು. ಗೆಲ್ಲುವಾಗ ನಿಲ್ಲಿಸುವವನೇ ವ್ಯಾಪಾರಿ ಅಂತ ಬೇರೆಯವರಿಗೆ ಹೇಳುವವನು ನಾನು. ಆದರೆ ಆ ಕೈ ಸಡಿಲವಾಗುತ್ತಾ ಬರುತ್ತಿತ್ತು. ನಾನು ಐದೂ ಬೆರಳನ್ನು ಎರಡು ಸಲ ಹಿಡಿದು ಹಾಗೇ ಕೂತೆ. ಹತ್ತು, ಕಡಿಮೆ ಇಲ್ಲ.

ಅವರು ನೀರು ನೋಡಿದರು. ನಿಟ್ಟುಸಿರು ಬಿಟ್ಟರು. ಅವರ ಕೈ ನಡುಗಿತು. ಜಾಗ ಹೋಗುವ ಸಂಕಟ ಅಂತ ನಾನು ತಿಳಿದೆ. ಈಗ ಅನ್ನಿಸುವುದು, ಅದು ನಗು ತಡೆದುಕೊಂಡದ್ದು. ಕೈ ಒತ್ತಿದರು. ಹತ್ತು ಅಡಿ.

ನಾನು ಬೈರಾಸು ಕೊಡವಿ ಹೆಗಲಿಗೆ ಹಾಕಿಕೊಂಡೆ. ಅವರು ಜೇಬಿನಿಂದ ಫೋನ್ ತೆಗೆದು ಒಂದು ಫೋಟೊ ತೋರಿಸಿದರು. ಕಳೆದ ವರ್ಷ ಮದುವೆಗೆಂದು ಊರಿಗೆ ಬಂದಾಗ, ಕಡವಿನಿಂದ ಮೇಲೆ ಪೇಟೆಯ ಸೇತುವೆಯವರೆಗೆ ತೋಡಿನಲ್ಲೇ ನಡೆದು ತೆಗೆದದ್ದಂತೆ. ಕೆಂಪು ಕಲ್ಲಿನ ಒಂದು ಉದ್ದದ ಗೋಡೆ. ಅದರ ಬುಡದಲ್ಲಿ ಒಡೆದ ಹಂಚಿನ ರಾಶಿ. ಗೋಡೆಯಿಂದ ಆಚೆ ದಡಕ್ಕೆ, ರಾಶಿಯೂ ಸೇರಿ, ಮೂರೇ ಅಡಿ. ಗೋಡೆಯ ಮೇಲೆ ನನ್ನದೇ ಗೋದಾಮಿನ ಬೋರ್ಡು.

“ಬಾಯಿಂದ ಸೇತುವೆವರೆಗೂ ಅಗಲ ಹತ್ತು ಅಡಿ, ರೈಗಳೇ. ಬಾಯಿ ನನ್ನದು, ನಾನು ಬಿಟ್ಟೆ. ಕುತ್ತಿಗೆ ನಿಮ್ಮದು.”

ನಾವು ಮಾತಾಡಿದ್ದು ನಿಮ್ಮ ಜಾಗದ ವಿಷಯ ಅಂದೆ. ತೋಡಿನ ಅಗಲ ಅಂತ ಬಾಯಿಬಿಟ್ಟು ಹೇಳಿದೆನಲ್ಲ, ನನ್ನ ಜಾಗ ಅಂತ ಹೇಳಿದೆನಾ ಅಂತ ಅವರು. ಆಮೇಲೆ ದನಿ ತಗ್ಗಿಸಿ, ಒಂದೊಂದೇ ಮಾತು ಇಟ್ಟ ಹಾಗೆ ಹೇಳಿದರು.

“ಇಪ್ಪತ್ತೈದು ವರ್ಷದಿಂದ ನೀವು ಕೆಡಹಿದ ಮನೆಗಳ ಹಂಚಿನ ಚೂರು ಎಲ್ಲಿಗೆ ಹೋಯಿತು? ಲಾರಿ ತಿರುಗಲಿಕ್ಕೆ ಜಾಗ ಬೇಕು ಅಂತ ತೋಡಿಗೆ ಹಾಕಿದಿರಿ. ಗಟ್ಟಿಯಾದ ಮೇಲೆ ಗೋಡೆ ಎಬ್ಬಿಸಿದಿರಿ. ಉಳಿದದ್ದನ್ನು ಪ್ರತಿ ಆಟಿಯಲ್ಲಿ ನೀರು ಹೊತ್ತು ತಂದು ನನ್ನ ಕಡವಿನಲ್ಲಿ ಹಾಕಿತು. ಅಶ್ರಫ್ ನನಗೆ ಹೇಳಿದ್ದು ಎಂತ ಗೊತ್ತುಂಟಾ? ಮಾಮ, ಅರ್ಧ ರೈಗಳು ತುಂಬಿಸಿ ಕೊಟ್ಟಿದ್ದಾರೆ, ಇನ್ನರ್ಧ ನಾನು ತುಂಬಿಸ್ತೇನೆ ಅಂತ.”

ಸುಮತಿ ಚಾದ ಲೋಟ ಕೆಳಗಿಟ್ಟಳು. ಅವಳು ನನ್ನನ್ನು ನೋಡಲಿಲ್ಲ. ನಾನು ಎಲ್ಲರೂ ಹಾಕುತ್ತಾರೆ ಅಂದೆ, ಕಸಾಯಿಯವರು ಹಾಕುತ್ತಾರೆ, ಹೋಟೆಲಿನವರು ಹಾಕುತ್ತಾರೆ ಅಂದೆ. ಹಂಚು ಮಣ್ಣಲ್ಲವಾ, ಮಣ್ಣಿಗೆ ಸೇರುತ್ತದೆ ಅಂತಲೂ ಅಂದೆ. ಹೇಳುವಾಗಲೇ ಅದು ಎಷ್ಟು ಹೀನ ಮಾತು ಅಂತ ಗೊತ್ತಾಗುತ್ತಿತ್ತು. ಹಂಚು ಮಣ್ಣಿಗೆ ಸೇರುವುದಿಲ್ಲ, ಸೇರುತ್ತಿದ್ದರೆ ನಾನು ಹಳೆ ಹಂಚು ಮಾರಿ ಬದುಕಲಿಕ್ಕೆ ಆಗುತ್ತಿತ್ತಾ?

“ಗೋಡೆ ಹಿಂದೆ ಹೋದ ದಿನ ಫೋಟೊ ಕಳಿಸಿ. ಮಾರನೇ ದಿನವೇ ದೂತಾವಾಸಕ್ಕೆ ಹೋಗಿ ಸಹಿ ಹಾಕ್ತೇನೆ. ಕೈ ಒತ್ತಿಯಾಗಿದೆ” ಅಂದರು. ಊಟ ಮಾಡಿ ಹೋಗಿ ಅಂತ ಒತ್ತಾಯ ಮಾಡಿದರು. ಮೀನು ಸಾರು ಚೆನ್ನಾಗಿತ್ತಂತೆ, ಸುಮತಿ ಹೇಳಿದಳು. ನನಗೆ ಗೊತ್ತಾಗಲಿಲ್ಲ.

ಐದನೇ ದಿನ, ಖೋರಿನ ತುದಿ

ನಾಲ್ಕನೇ ದಿನ ನಾನು ಶಾರ್ಜಾದ ಮನೆಯಿಂದ ಹೊರಗೆ ಬರಲಿಲ್ಲ. ಆ ಬ್ಯಾರಿ ಮೋಸ ಮಾಡಿದ ಅಂತ ಸುಮತಿಯ ತಂಗಿಯ ಗಂಡನಿಗೆ ಹೇಳಿದೆ. ಅವನು ಪೂರ್ತಿ ಕೇಳಿ, ಮೋಸ ಎಲ್ಲಿ ಆಯಿತು ಭಾವ ಅಂತ ಸಹಜವಾಗಿ ಕೇಳಿದ. ಉತ್ತರ ಇಲ್ಲದ ಪ್ರಶ್ನೆ ಕೇಳುವವರ ಮನೆಯಲ್ಲಿ ಅತಿಥಿಯಾಗಿರಬಾರದು.

ಐದನೇ ದಿನ ಅವರೆಲ್ಲ ಸೇರಿ ಖೋರಿನ ಒಳತುದಿಗೆ ಕರೆದುಕೊಂಡು ಹೋದರು. ರಾಸ್ ಅಲ್ ಖೋರ್. ನೀರು ಅಲ್ಲಿ ಹರಡಿ, ತೆಳ್ಳಗಾಗಿ, ಕೆಸರಿನಲ್ಲಿ ಮುಗಿಯುತ್ತದೆ. ಸುತ್ತ ಹೆದ್ದಾರಿ, ಆಚೆ ಮುಗಿಲು ಮುಟ್ಟುವ ಕಟ್ಟಡಗಳು. ನಡುವೆ ಆ ಕೆಸರನ್ನು ಬೇಲಿ ಹಾಕಿ ಕಾಪಾಡಿದ್ದಾರೆ. ಉದ್ದ ಕಾಲಿನ ಗುಲಾಬಿ ಹಕ್ಕಿಗಳು ತಲೆ ಮುಳುಗಿಸಿ ಮೇಯುತ್ತಿದ್ದವು. ಸೀಸನ್ ಮುಗಿದು ಹೆಚ್ಚಿನವು ಹೋಗಿದ್ದವಂತೆ.

ಇಲ್ಲಿಯ ಎಲ್ಲವನ್ನೂ ಹೊಗಳಲಿಕ್ಕೆ ನಾನು ಬಂದವನಲ್ಲ. ಇದೇ ಊರಿನವರು ಕಡಲಿಗೆ ಮಣ್ಣು ಹಾಕಿ ದ್ವೀಪ ಮಾಡಿದವರು. ಬಿಸಿಲಿನಲ್ಲಿ ಕಬ್ಬಿಣ ಹೊರುವ ನಮ್ಮವರ ಬೆನ್ನನ್ನೂ ನಾನು ನೋಡಿದ್ದೇನೆ. ಆದರೆ ಅಷ್ಟು ಬೆಲೆಬಾಳುವ ಜಾಗದ ನಡುವೆ ಕೆಸರನ್ನು ಕೆಸರಾಗಿಯೇ ಬಿಟ್ಟದ್ದು ನೋಡಿ ನನ್ನ ತಲೆ ತಾನಾಗಿಯೇ ಲೆಕ್ಕಕ್ಕೆ ಇಳಿಯಿತು. ನನ್ನ ಗೋದಾಮು, ತೋಡಿನ ಉದ್ದಕ್ಕೆ ಎಂಬತ್ತು ಅಡಿ. ಅಗಲದಲ್ಲಿ ಏಳಡಿ ಹೋಗಬೇಕು. ಅಂದರೆ ಹಿಂದಿನ ಗೋಡೆ, ಹಂಚಿನ ಮಾಡಿನ ಒಂದು ಪಕ್ಕ, ಬೀಟೆ ಮರ ಜೋಡಿಸುವ ಅಟ್ಟ. ಆರಕ್ಕೆ ನಿಲ್ಲಿಸಿದ್ದರೆ ಮೂರೇ ಅಡಿ ಹೋಗುತ್ತಿತ್ತು. ಅವರು ಮೂರರಿಂದ ಶುರು ಮಾಡಿದ್ದರು. ಮೂರಕ್ಕೇ ಒಪ್ಪಿದ್ದರೆ ನನ್ನದು ಒಂದು ಕಲ್ಲೂ ಅಲ್ಲಾಡುತ್ತಿರಲಿಲ್ಲ. ಒಂದೊಂದು ಅಡಿಯನ್ನೂ ನಾನೇ ಹಟ ಹಿಡಿದು, ಬೆರಳು ಹಿಚುಕಿ, ಹೆಚ್ಚಿಸಿಕೊಂಡದ್ದು.

“ಮೂರಕ್ಕೆ ಒಪ್ಪಿದ್ದರೆ ಪೇಟೆ ಮುಳುಗ್ತಿತ್ತು” ಅಂದಳು ಸುಮತಿ. ನಾನು ಮನಸ್ಸಿನಲ್ಲಿ ಹೇಳಿಕೊಂಡದ್ದು ಅವಳಿಗೆ ಹೇಗೆ ಕೇಳಿಸಿತೋ.

ಬಂಟ್ವಾಳ, ಮೇ ತಿಂಗಳು

ಊರಿಗೆ ಬಂದು ಮೂರು ದಿನ ನಾನು ಯಾರಿಗೂ ಹೇಳಲಿಲ್ಲ. ಪೇಟೆಯವರು ಕೇಳಿದರೆ ಮಾತುಕತೆ ಆಗಿದೆ ಅಂದೆ. ಬೈರಾಸಿನ ಕೆಳಗೆ ನಡೆದದ್ದಕ್ಕೆ ಸಾಕ್ಷಿ ಇಲ್ಲ. ಬೇಕಾದರೆ ಇಲ್ಲ ಅನ್ನಬಹುದಿತ್ತು. ಆದರೆ ಕೈ ಒತ್ತಿ ಹಿಂದೆ ಹೋದವನೊಂದಿಗೆ ಈ ಮೂರು ತಾಲೂಕಿನಲ್ಲಿ ಯಾರೂ ಎರಡನೇ ಸಲ ಕೈ ಸೇರಿಸುವುದಿಲ್ಲ. ನಾನೂ ಸೇರಿಸಿದವನಲ್ಲ. ನಾಲ್ಕನೇ ದಿನ ಅಶ್ರಫನ ಮೊದಲ ಟಿಪ್ಪರು ಕಡವಿನ ಹತ್ತಿರ ಬಂದು ನಿಂತಿತು. ಅಂದು ಮಧ್ಯಾಹ್ನವೇ ನನ್ನ ಕೆಲಸದವರನ್ನು ಕರೆದೆ.

ಹಳೆ ಮನೆ ಕೆಡಹುವಾಗ ನಾನು ಮನೆಯವರಿಗೆ ಯಾವಾಗಲೂ ಒಂದು ಬುದ್ಧಿ ಹೇಳುತ್ತೇನೆ: ಆ ದಿನ ಎದುರು ನಿಲ್ಲಬೇಡಿ, ನೆಂಟರ ಮನೆಗೆ ಹೋಗಿ ಬನ್ನಿ. ಸುಮತಿ ಅದನ್ನೇ ನನಗೆ ಹೇಳಿದಳು. ನಾನು ಹೋಗಲಿಲ್ಲ. ಹಂಚು ಇಳಿಸಿದರು, ಪಕ್ಕಾಸು ಬಿಚ್ಚಿದರು, ಕೆಂಪು ಕಲ್ಲು ಒಂದೊಂದೇ ಎಬ್ಬಿಸಿದರು. ಇಷ್ಟು ವರ್ಷದಲ್ಲಿ ನಾನು ಎಷ್ಟು ಮನೆ ಬಿಚ್ಚಿಸಿದ್ದೇನೆ, ಆ ಸದ್ದು ಒಮ್ಮೆಯೂ ಹೊಟ್ಟೆಗೆ ತಾಗಿರಲಿಲ್ಲ. ಮಾಡು ಇಳಿಸುವಾಗ ಒಂದಷ್ಟು ಹಂಚು ಒಡೆಯಿತು. ಕೆಲಸದವರಲ್ಲಿ ಹಿರಿಯನಾದ ಬಾಬು ಆ ಚೂರನ್ನು ಬುಟ್ಟಿಗೆ ತುಂಬಿಸಿ, ನೇರವಾಗಿ ಹೋಗಿ ತೋಡಿಗೆ ಸುರಿದ.

ನಾನು ಕಿರಿಚಿದ್ದು ಸೇತುವೆಯ ಮೇಲೆ ಹೋಗುವವರಿಗೂ ಕೇಳಿಸಿತಂತೆ. ಬಾಬು ಬುಟ್ಟಿ ಹಿಡಿದು ಹಾಗೇ ನಿಂತ. “ಎಂತ ಧಣಿ, ಯಾವಾಗಲೂ ಇಲ್ಲಿಗೇ ಅಲ್ವಾ ಹಾಕುವುದು?” ಅಂದ. ಇಪ್ಪತ್ತೈದು ವರ್ಷದಿಂದ ಅವನಿಗೆ ಕಲಿಸಿದವನು ನಾನು. ಪಂಚೆ ಎತ್ತಿ ಕಟ್ಟಿ ತೋಡಿಗೆ ಇಳಿದೆ. ಒಂದೊಂದೇ ಚೂರು ಹೆಕ್ಕಿ ಮೇಲೆ ಹಾಕಿದೆ. ಅಡಿಯಲ್ಲಿ ಹಳೆಯವು ಸಿಕ್ಕಿದವು, ಪಾಚಿ ಹಿಡಿದವು, ಮೊನೆ ಸವೆದು ನುಣ್ಣಗಾದವು. ಬೆಳ್ತಂಗಡಿಯ ಯಾವ ಮನೆಯದ್ದೋ, ಮೂಡಬಿದ್ರೆಯ ಯಾವ ಮನೆಯದ್ದೋ. ಸಂಜೆಯವರೆಗೆ ಹೆಕ್ಕಿದರೂ ಮುಗಿಯಲಿಲ್ಲ. ಮಾರನೇ ದಿನ ಬಾಬು ಮತ್ತು ಉಳಿದವರು ತಾವಾಗಿಯೇ ಇಳಿದರು.

ಹೊಸ ಗೋಡೆಗೆ ಒಳಗೆ ಪಾಯ ತೆಗೆಸಿ, ಎರಡು ಸಾಲು ಕಲ್ಲು ಇಡಿಸಿ, ದೂರದಿಂದ ಒಂದು ಒಳ್ಳೆಯ ಫೋಟೊ ತೆಗೆದು ಹಸನಬ್ಬಾಕನಿಗೆ ಕಳಿಸಿದೆ. ತೋಡು ನಿಜವಾಗಿ ಅಗಲವಾಗಿ ಕಾಣುತ್ತಿತ್ತು. ಹತ್ತು ನಿಮಿಷದಲ್ಲಿ ಉತ್ತರ ಬಂತು. ದನಿ ಕಳಿಸಿದ್ದರು, ಹಿಂದೆ ಹಡಗಿನ ಎಂಜಿನ್ ಸದ್ದು.

“ಚೆನ್ನಾಗುಂಟು ರೈಗಳೇ. ಆದರೆ ನನಗೆ ಒಂಬತ್ತೂವರೆ ಕಾಣ್ತದೆ. ಟೇಪ್ ಹಿಡಿದು ಒಂದು ಫೋಟೊ ಕಳಿಸಿ.”

ಒಂಬತ್ತೂವರೆಯೇ ಇತ್ತು. ಪಾಯಕ್ಕೆ ಹಗ್ಗ ಹಿಡಿಯುವಾಗ ಅರ್ಧ ಅಡಿ ನಾನೇ ತೋಡಿನ ಕಡೆಗೆ ಸರಿಸಿದ್ದೆ. ಎಂಬತ್ತು ಅಡಿ ಉದ್ದದಲ್ಲಿ ಅರ್ಧ ಅಡಿ ಯಾರಿಗೆ ಕಾಣುತ್ತದೆ ಅಂತ. ಕಡಲಾಚೆ ಕೂತವನಿಗೆ ಕಂಡಿತು. ನಾನು ಫೋನನ್ನು ಕಲ್ಲಿನ ಮೇಲೆ ಕುಕ್ಕಿ, ಬಾಯಿಗೆ ಬಂದದ್ದೆಲ್ಲ ಬೈದೆ. ಆಮೇಲೆ ಬ್ಯಾರಿಗೆ ಬೈಯುವುದು ಮುಗಿದು ಬೇರೆಯವನಿಗೆ ಬೈಯತೊಡಗಿದೆ. ಎರಡು ಸಾಲು ಕಲ್ಲು ತೆಗೆಸಿ, ಅರ್ಧ ಅಡಿ ಒಳಗೆ ಮತ್ತೆ ಪಾಯ ಹಾಕಿಸಿದೆ.

ಮೋಡ ಕಟ್ಟುತ್ತಿತ್ತು. ಟೇಪಿನ ಒಂದು ತುದಿ ಹಿಡಿದು ನಾನು ತೋಡಿನ ಆಚೆ ದಡದ ಬುಡದಲ್ಲಿ, ಕಣಕಾಲು ನೀರಿನಲ್ಲಿ ನಿಂತೆ. ಇನ್ನೊಂದು ತುದಿಯನ್ನು ಹೊಸ ಪಾಯದ ಕಲ್ಲಿಗೆ ಒತ್ತಿ ಸುಮತಿ ಕೂತಳು. ಫೋಟೊ ತೆಗೆಯಲಿಕ್ಕೆ ಬಾಬು.

“ಸರಿಯಾಗಿ ಹಿಡಿ” ಅಂದೆ.

“ನಾನು ಸರಿಯಾಗಿಯೇ ಹಿಡಿದಿದ್ದೇನೆ” ಅಂದಳು ಅವಳು. “ನೀವು ಎಳೆಯುವುದನ್ನು ಬಿಡಿ.”